ಲೆಕ್ಕದ ಪುಸ್ತಕದಲ್ಲಿ ಒಂದು ಸಾಲು: ಪಂಗಾ

ರುವಾಂಡದ ರಾಜಧಾನಿ ಕಿಗಾಲಿಯ ಒಂದು ಹಾರ್ಡ್‌ವೇರ್ ಅಂಗಡಿಯಲ್ಲಿ ನಾನು ಲೆಕ್ಕ ಬರೆಯುತ್ತೇನೆ. ಚೀನಾದಿಂದ, ಮುಂಬೈಯಿಂದ ಕಂಟೇನರ್ ಬರುತ್ತದೆ. ಮೊಳೆ, ತಗಡು, ಗುದ್ದಲಿ, ಬೀಗ. ಜೊತೆಗೆ ಪಂಗಾ, ಅಂದರೆ ಮಚ್ಚು. ಇಲ್ಲಿಯ ರೈತರಿಗೆ ಬಾಳೆ ಕಡಿಯಲು, ಬೇಲಿ ಸವರಲು ಅದು ಬೇಕೇ ಬೇಕು. ತೀರ್ಥಹಳ್ಳಿ ಕಡೆಯ ನಮ್ಮ ಮನೆಯಲ್ಲೂ ಕತ್ತಿ ಹಿಡಿಯದೆ ತೋಟಕ್ಕೆ ಇಳಿಯುವವರಿಲ್ಲ. ಹಾಗಾಗಿ ಮೊದಮೊದಲು ಆ ಸಾಲನ್ನು ಎಂಟ್ರಿ ಮಾಡುವಾಗ ನನಗೇನೂ ಅನ್ನಿಸುತ್ತಿರಲಿಲ್ಲ.

ಏಪ್ರಿಲ್ ಬಂತು. 7ನೇ ತಾರೀಕಿನಿಂದ ಒಂದು ವಾರ ಊರೆಲ್ಲ ಸೂತಕದ ಮನೆ. 1994ರಲ್ಲಿ ಬಹುಸಂಖ್ಯಾತ ಹುಟುಗಳ ಸರ್ಕಾರ ಅಲ್ಪಸಂಖ್ಯಾತ ಟುಟ್ಸಿಗಳನ್ನು ಕೊಲ್ಲಿಸಿದ್ದರ ನೆನಪಿನ ವಾರ ಅದು. ಬಾರಿನಲ್ಲಿ ಹಾಡಿಲ್ಲ, ಮದುವೆ ಇಲ್ಲ. ನಮ್ಮ ಗೋಡೌನಿನ ಹಿರಿಯರೊಬ್ಬರು ಆ ವಾರ ಪಂಗಾ ಪೆಟ್ಟಿಗೆ ಮುಟ್ಟಲಿಲ್ಲ. ಯಾರೂ ಏಕೆ ಅಂತ ಕೇಳಲಿಲ್ಲ. ನಾನೂ ಕೇಳಲಿಲ್ಲ.

ಅಪ್ಪಯ್ಯನಿಗೆ ಫೋನಿನಲ್ಲಿ ಹೇಳಿದೆ. "ಅದು ಅವರವರ ಬುಡಕಟ್ಟಿನ ಹೊಡೆದಾಟ ಅಲ್ವನಾ ಮಾರಾಯ?" ಅಂದರು. ಅವರನ್ನು ಅಂದು ಪ್ರಯೋಜನವಿಲ್ಲ. 1994ರಲ್ಲಿ ಹೈಸ್ಕೂಲಿನಲ್ಲಿದ್ದ ನನ್ನ ತಲೆಗೂ ಹೊಕ್ಕಿದ್ದು ಅಷ್ಟೇ. ಎಲ್ಲೋ ಆಫ್ರಿಕಾ, ಯಾರೋ ಯಾರನ್ನೋ ಕಡಿದರು.

ಆಮೇಲೆ ಲಿಂಡಾ ಮೆಲ್ವರ್ನ್ ಅವರ ಪುಸ್ತಕಗಳು ಕೈಗೆ ಬಂದವು. ಬ್ರಿಟನ್ನಿನ ತನಿಖಾ ಪತ್ರಕರ್ತೆ, ಹಿಂದೆ 'ಸಂಡೇ ಟೈಮ್ಸ್'ನಲ್ಲಿದ್ದವರು. 2000ದಲ್ಲಿ 'ಎ ಪೀಪಲ್ ಬಿಟ್ರೇಯ್ಡ್', 2004ರಲ್ಲಿ 'ಕಾನ್ಸ್‌ಪಿರೆಸಿ ಟು ಮರ್ಡರ್'. ಕಣ್ಣೀರು ತರಿಸುವ ಬರಹವಲ್ಲ. ನಿಜ ಹೇಳಬೇಕೆಂದರೆ ಕೆಲವು ಕಡೆ ಒಣ ಒಣ. ಆಕೆ ಬೆನ್ನು ಹತ್ತಿರುವುದು ಕಾಗದಗಳನ್ನು. ನನ್ನಂಥ ಲೆಕ್ಕದವನನ್ನು ಹಿಡಿದಿದ್ದೂ ಅದೇ.

ಕೊಲೆ ಶುರುವಾಗುವ ಹಿಂದಿನ ವರ್ಷ, 1993ರಲ್ಲಿ, ಈ ಪುಟ್ಟ ದೇಶಕ್ಕೆ ಚೀನಾದಿಂದ ಲಕ್ಷಗಟ್ಟಲೆ ಮಚ್ಚು ಬಂದಿತ್ತು. ಬೇಸಾಯದ ಸಾಮಾನು ಎಂಬ ಹೆಸರಿನಲ್ಲಿ. ಆಗ ದೇಶ ನಡೆಯುತ್ತಿದ್ದದ್ದೇ ಹೊರಗಿನ ಸಾಲದಿಂದ. ವಿಶ್ವಬ್ಯಾಂಕಿನವರು ಬಂದು ಲೆಕ್ಕ ನೋಡಿಕೊಂಡು ಹೋಗುತ್ತಿದ್ದರು. ಇನ್‌ವಾಯ್ಸ್ ಇತ್ತು, ಬ್ಯಾಂಕಿನ ಮೊಹರು ಇತ್ತು. ಬುಡಕಟ್ಟಿನ ಸಿಟ್ಟಿಗೆ ಯಾರಾದರೂ ಒಂದು ವರ್ಷ ಮೊದಲೇ ಸರಕು ಆರ್ಡರ್ ಮಾಡುತ್ತಾರಾ? ಆ ಪುಟ ಓದಿದ ರಾತ್ರಿ ನನಗೆ ನಿದ್ದೆ ಬರಲಿಲ್ಲ.

ಇನ್ನೊಂದು ಕಡತ ನ್ಯೂಯಾರ್ಕಿನದು. 1994ರ ಜನವರಿ 11ರಂದೇ ಇಲ್ಲಿದ್ದ ಶಾಂತಿಪಡೆಯ ಮುಖ್ಯಸ್ಥ, ಕೆನಡಾದ ಜನರಲ್ ರೋಮಿಯೊ ಡಲೇರ್, ಆಯುಧ ಬಚ್ಚಿಟ್ಟಿದ್ದಾರೆ, ಟುಟ್ಸಿಗಳನ್ನು ಕೊಲ್ಲುವ ತಯಾರಿ ನಡೆದಿದೆ ಎಂದು ವಿಶ್ವಸಂಸ್ಥೆಗೆ ಬರೆದರು. ಆಯುಧ ಹಿಡಿಯಲು ಹೋಗಬೇಡಿ ಅಂತ ಉತ್ತರ ಬಂತು. ಏಪ್ರಿಲ್ 6ರ ರಾತ್ರಿ ರುವಾಂಡದ ಅಧ್ಯಕ್ಷರ ವಿಮಾನವನ್ನು ಹೊಡೆದುರುಳಿಸಿದರು. ಕಡಿಯುವುದು ಶುರುವಾಯಿತು. ಏಪ್ರಿಲ್ 21ಕ್ಕೆ ಭದ್ರತಾ ಮಂಡಳಿ ಸುಮಾರು 2,500 ಜನರಿದ್ದ ಪಡೆಯನ್ನು 270ಕ್ಕೆ ಇಳಿಸಲು ಕೈ ಎತ್ತಿತು. ಇಳಿಸಲು! ಮೂರೇ ತಿಂಗಳಲ್ಲಿ ಸತ್ತವರು ಎಂಟು ಲಕ್ಷಕ್ಕೂ ಹೆಚ್ಚು. ಇಲ್ಲಿಯ ಸರ್ಕಾರದ ಲೆಕ್ಕದಲ್ಲಿ ಹತ್ತು ಲಕ್ಷ ದಾಟುತ್ತದೆ.

ಮಂಡಳಿ ಬಾಗಿಲು ಹಾಕಿಕೊಂಡು ಮಾತಾಡಿದ್ದಕ್ಕೆ ಬಹಿರಂಗ ದಾಖಲೆ ಇರಲಿಲ್ಲ. ಆ ಮಾತುಗಳ ಟಿಪ್ಪಣಿ ಮೆಲ್ವರ್ನ್ ಕೈಗೆ ಸೋರಿ ಬಂತು. ಅದರಲ್ಲಿ ಕಾಣುವುದು ಕದನವಿರಾಮದ ಮಾತು, ಪಡೆಯನ್ನು ಹೊರಗೆ ತರುವ ಮಾತು. 'ಜನಾಂಗಹತ್ಯೆ' ಎಂಬ ಪದವನ್ನು ಹೇಳಿಕೆಯಲ್ಲಿ ಹಾಕಲು ನ್ಯೂಜಿಲೆಂಡಿನ ರಾಯಭಾರಿ ಕಾಲಿನ್ ಕೀಟಿಂಗ್ ಹೆಣಗಾಡಿದರು. ಬ್ರಿಟನ್, ಅಮೆರಿಕ ಒಪ್ಪಲಿಲ್ಲ. ಕೊನೆಗೆ ಕಾನೂನಿನ ವಿವರಣೆ ಉಳಿಯಿತು, ಪದ ಮಾತ್ರ ಬಿತ್ತು. ನನ್ನನ್ನು ಜಾಸ್ತಿ ಕೆಣಕಿದ್ದು ಬೇರೆ. ಆ ವರ್ಷ ರುವಾಂಡವೂ ಮಂಡಳಿಯ ಸದಸ್ಯ ದೇಶ. ಕೊಲ್ಲಿಸುತ್ತಿದ್ದ ಸರ್ಕಾರದ ಪ್ರತಿನಿಧಿ ಅದೇ ಮೇಜಿನ ಸುತ್ತ ಕೂತು ಎಲ್ಲ ಕೇಳಿಸಿಕೊಳ್ಳುತ್ತಿದ್ದ. ಅವನನ್ನು ಯಾರೂ ಎಬ್ಬಿಸಲಿಲ್ಲ.

ಮೆಲ್ವರ್ನ್ ಈಗಿನ ಸರ್ಕಾರದ ಬಗ್ಗೆ ಮೃದು, ಅದನ್ನು ಅಧಿಕಾರಕ್ಕೆ ತಂದ ಟುಟ್ಸಿ ಬಂಡುಕೋರ ಸೈನ್ಯ ಮಾಡಿದ ಕೊಲೆಗಳ ಬಗ್ಗೆ ಕಡಿಮೆ ಬರೆದರು ಎಂಬ ಟೀಕೆಯೂ ಇದೆ. ಇರಬಹುದು. ಆದರೆ ಇನ್‌ವಾಯ್ಸ್ ಇನ್‌ವಾಯ್ಸೇ ಅಲ್ವಾ?

ಒಂದು ಭಾನುವಾರ ಕಿಗಾಲಿಯದೇ ಭಾಗವಾದ ಕಿಚುಕಿರೊಗೆ ಹೋದೆ. ಮನೆಯಿಂದ ಮೋಟೊದಲ್ಲಿ, ಅಂದರೆ ಬೈಕ್ ಟ್ಯಾಕ್ಸಿಯಲ್ಲಿ, ಕಾಲು ಗಂಟೆ ಅಷ್ಟೆ. 1994ರಲ್ಲಿ ಅಲ್ಲಿಯ ತಾಂತ್ರಿಕ ಶಾಲೆಯಲ್ಲಿ ಶಾಂತಿಪಡೆಯ ಬೆಲ್ಜಿಯಂ ಸೈನಿಕರ ನೆರಳಿನಲ್ಲಿ ಸುಮಾರು 2,000 ಜನ ಸೇರಿದ್ದರು. ಏಪ್ರಿಲ್ 11ರಂದು ಸೈನಿಕರು ಲಾರಿ ಹತ್ತಿ ಹೊರಟರು. ಜನ ಲಾರಿಗಳಿಗೆ ಅಡ್ಡ ಬಂದು ಬೇಡಿಕೊಂಡರು. ಅವರಲ್ಲಿ ಬಹುಪಾಲು ಜನರನ್ನು ಹತ್ತಿರದ ನ್ಯಾಂಜಾ ದಿಬ್ಬಕ್ಕೆ ನಡೆಸಿಕೊಂಡು ಹೋಗಿ ಕೊಂದರು. ಈಗ ಅಲ್ಲಿ ಸ್ಮಾರಕ ಇದೆ. ರಸ್ತೆಯಾಚೆ ಹುಡುಗರು ಫುಟ್‌ಬಾಲ್ ಆಡುತ್ತಿದ್ದರು. ನಾನು ಸುಮ್ನೆ ಕೂತಿದ್ದು ವಾಪಸ್ ಬಂದೆ.

ಗೋಡೌನಿನ ಹಿರಿಯರಿಗೆ ಪುಸ್ತಕದ ಮಾತು ಎತ್ತಿಲ್ಲ. ಈ ವಾರ ಹೊಸ ಕಂಟೇನರ್ ಬರುತ್ತಿದೆ. ಪಟ್ಟಿ ನನ್ನ ಮೇಜಿನ ಮೇಲಿದೆ. ಗುದ್ದಲಿ, ಮೊಳೆ, ಬಾಂಡ್ಲಿ. ಪಂಗಾ, 40 ಡಜನ್.