ಬೀಗದ ಕೈ ಇಲ್ಲದ ಬಾಗಿಲು

ದಾವಣಗೆರೆಯ ನಮ್ಮ ಮನೆಗೆ ಬೀಗದ ಕೈ ಒಂದೇ, ನಾವು ಐದು ಜನ. ಅದು ಸದಾ ಇನ್ಯಾರದೋ ಜೇಬಲ್ಲಿ. ಸಾಕಾಗಿ ಅಂಕಿ ಒತ್ತಿ ತೆರೆಯುವ ಕೀಪ್ಯಾಡ್ ಲಾಕ್ ತಂದೆ.

ಬಾಗಿಲಿನ ಅಂಚಿನಿಂದ ತೂತಿನ ನಡುವಿಗೆ 60 ಮಿ.ಮೀ. ಗುರುತು ಹಾಕಿ ಎರಡೂ ಕಡೆಯಿಂದ ಕೊರೆದೆ, ಇಲ್ಲದಿದ್ದರೆ ಆಚೆ ಬದಿಯ ತೇಗ ಸೀಳುತ್ತದೆ ಅಲ್ವಾ. ಅಷ್ಟಾದರೂ ಬೋಲ್ಟ್ ಚೌಕಟ್ಟಿಗೆ ತಾಗಿ ನಿಲ್ಲುತ್ತಿತ್ತು. ಮೋಟರ್ ಗುರ್ ಎನ್ನುವುದು, ಮತ್ತೆ ಹಿಂದಕ್ಕೆ ಹೋಗುವುದು. ಸುಮ್ನೆ ಲಾಕನ್ನು ಬೈದೆ. ತಪ್ಪು ಮಳೆಗೆ ಉಬ್ಬಿದ ಬಾಗಿಲಿನದ್ದು! ಬೋಲ್ಟ್ ಹೋಗಿ ಕೂರುವ ಚೌಕಟ್ಟಿನ ತಗಡನ್ನು 2 ಮಿ.ಮೀ. ಸರಿಸಿದ ಮೇಲೆ ಸರಿಹೋಯಿತು.

4 ಅಂಕಿಯ ಕೋಡ್ ಅಂದರೆ 10,000 ಸಾಧ್ಯತೆ. ಅಮ್ಮ ಆರಿಸಿದ್ದು 1234. ಬದಲಿಸಿದೆ. ಬ್ಯಾಟರಿ ಸತ್ತರೆ ಹೊರಗಿಂದ 9 ವೋಲ್ಟ್ ಬ್ಯಾಟರಿ ತಾಗಿಸಿ ಕೋಡ್ ಒತ್ತಬಹುದು. ಹಳೇ ಚಿಲಕ ತೆಗೆಯಲು ಮಾತ್ರ ಅಪ್ಪ ಬಿಡಲಿಲ್ಲ.