ಇಸವಿ ಮಾಸ್ಟ್ರ ಕಾರ್ಡಿನಲ್

ಕಳೆದ ಮಳೆಗಾಲದಲ್ಲಿ ತೀರಿಕೊಂಡ ನಮ್ಮ ಚರಿತ್ರೆ ಮಾಸ್ಟ್ರಿಗೆ ಎರಡು ಹೆಸರು. ಶಾಲೆಯ ದಾಖಲೆಯಲ್ಲಿದ್ದದ್ದು ಒಂದು, ಬೋರ್ಡಿಂಗಿನ ಹುಡುಗರು ಇಟ್ಟದ್ದು ಇನ್ನೊಂದು: ಇಸವಿ ಮಾಸ್ಟ್ರು. ಇಸವಿಯಿಲ್ಲದ ಉತ್ತರಕ್ಕೆ ಅರ್ಧ ಅಂಕ ಕಡಿತ, ಮಾತಿಲ್ಲ. ಆದರೆ ಮೊನ್ನೆ ಅವರ ನೆನಪಿಗೆಂದು ಬ್ಯಾಚಿನವರೆಲ್ಲ ಸೇರಿದಾಗ ಪಾಣಿಪತ್ತಿನ ಮೂರು ಯುದ್ಧಗಳಲ್ಲಿ ಯಾರು ಯಾರನ್ನು ಸೋಲಿಸಿದರು ಅಂತ ಹೇಳಲು ಒಬ್ಬನಿಗೂ ಬಾಯಿ ಬರಲಿಲ್ಲ. ಭಾರತದ ಮೊದಲ ಕಾರ್ಡಿನಲ್ (ಪೋಪನನ್ನು ಆರಿಸುವ, ಕೆಂಪು ಟೊಪ್ಪಿಯ ಹಿರಿಯ ಕ್ಯಾಥೊಲಿಕ್ ಗುರು) ವಲೇರಿಯನ್ ಗ್ರೇಶಿಯಸ್ ಯಾವ ವರ್ಷ ಯಾವ ಮೆಟ್ಟಿಲು ಹತ್ತಿದರು ಅಂತ ಒಬ್ಬ ತೆಗೆದದ್ದೇ ತಡ, ನಾಲ್ಕು ಕಡೆಯಿಂದ ಉತ್ತರ. ಪಾಠಪುಸ್ತಕದಲ್ಲಿ ಆ ಹೆಸರೇ ಇರಲಿಲ್ಲ.

ಮಾಸ್ಟ್ರು ಕ್ರೈಸ್ತರಲ್ಲ. ಗ್ರೇಶಿಯಸ್‌ರನ್ನು ಹಿಡಿದುಕೊಂಡದ್ದಕ್ಕೆ ಅವರು ಕೊಡುತ್ತಿದ್ದ ಕಾರಣ ಒಂದೇ, ‘ಇವರು ನಮ್ಮ ಮಂಗಳೂರಿನಲ್ಲಿ ಓದಿದವರು’. ಹುಟ್ಟಿದ್ದು ಕರಾಚಿಯಲ್ಲಿ, 1900ರ ಅಕ್ಟೋಬರ್ 23ರಂದು, ಗೋವಾ ಮೂಲದ ಮನೆಯಲ್ಲಿ. ಕರಾಚಿಯ ಸೇಂಟ್ ಪ್ಯಾಟ್ರಿಕ್ಸ್‌ನಲ್ಲಿ ಹೈಸ್ಕೂಲು ಮುಗಿಸಿ ಬಂದದ್ದು ಮಂಗಳೂರಿನ ಸೇಂಟ್ ಜೋಸೆಫ್ಸ್ ಸೆಮಿನರಿಗೆ, ಅಂದರೆ ಪಾದ್ರಿಯಾಗಲು ಓದುವ ಶಾಲೆಗೆ. ಅಲ್ಲಿಂದ ಸಿಲೋನಿನ ಕ್ಯಾಂಡಿಯಲ್ಲಿದ್ದ ಪೇಪಲ್ ಸೆಮಿನರಿ. (ಅದೇ ಸೆಮಿನರಿ 1955ರಲ್ಲಿ ಪುಣೆಗೆ ಬಂತು.) 1926ರ ಅಕ್ಟೋಬರ್ 3ರಂದು ಗುರುದೀಕ್ಷೆ. ಮುಂದೆ ರೋಮಿನ ಗ್ರೆಗೋರಿಯನ್ ವಿಶ್ವವಿದ್ಯಾಲಯ.

ಬೋರ್ಡಿನ ಮೇಲೆ ಮಾಸ್ಟ್ರು ಇದನ್ನು ಮೆಟ್ಟಿಲಿನ ಹಾಗೆ ಬರೆಯುತ್ತಿದ್ದರು. ಎಡದ ಕೆಳಗಿನ ಮೂಲೆಯಿಂದ ಹೊರಟು ಬಲದ ಮೇಲಿನ ಮೂಲೆಗೆ. ಅವರು ಹೆಚ್ಚು ಹೊತ್ತು ನಿಲ್ಲುತ್ತಿದ್ದದ್ದು ಮಾತ್ರ ಮೇಲಿನ ಮೆಟ್ಟಿಲಲ್ಲಿ ಅಲ್ಲ. ರೋಮಿನಿಂದ ಮರಳಿದ ಗ್ರೇಶಿಯಸ್ 1929ರಲ್ಲಿ ಮುಂಬೈ ಆರ್ಚ್‌ಬಿಷಪ್ (ಅಲ್ಲಿನ ಕ್ಯಾಥೊಲಿಕರ ಮುಖ್ಯ ಗುರು) ಲಿಮಾ ಅವರ ಕಾರ್ಯದರ್ಶಿಯಾದರು, ಧರ್ಮಪ್ರಾಂತ್ಯದ ಚಾನ್ಸೆಲರೂ ಆದರು. ಚಾನ್ಸೆಲರ್ ಅಂದರೆ ದೊಡ್ಡ ಹುದ್ದೆಯಂತೆ ಕೇಳುತ್ತದೆ, ಕೆಲಸ ದಫ್ತರದ್ದು: ಮದುವೆಗೆ ಬೇಕಾದ ವಿನಾಯಿತಿ ಪತ್ರ, ಪಾದ್ರಿಗಳ ನೇಮಕದ ಆದೇಶ, ಸಹಿ, ಮೊಹರು, ಅವನ್ನೆಲ್ಲ ಕಾಪಿಡುವುದು. ‘ಮುಂದೆ ಕೆಂಪು ಟೊಪ್ಪಿ ಇಟ್ಟ ತಲೆ ಮೊದಲು ಕಡತದಲ್ಲಿ ಬಗ್ಗಿತ್ತು’ ಅನ್ನುತ್ತಿದ್ದರು.

ಆಮೇಲೆ ಅವರ ಮಾಮೂಲಿ ಪ್ರಶ್ನೆ. ‘ಕುರ್ಚಿಯಲ್ಲಿ ಕೂತವನ ಹೆಸರು ಯಾರೂ ಹೇಳ್ತಾರೆ. ಎದ್ದವನು ಯಾರು, ಅದು ಹೇಳಿ.’

1928ರಲ್ಲಿ ಪೋರ್ಚುಗಲ್ಲಿಗೂ ರೋಮಿಗೂ ಆದ ಒಪ್ಪಂದದ ಪ್ರಕಾರ ಮುಂಬೈಯ ಆರ್ಚ್‌ಬಿಷಪ್ ಕುರ್ಚಿಗೆ ಒಬ್ಬ ಪೋರ್ಚುಗೀಸ್, ಒಬ್ಬ ಬ್ರಿಟಿಷ್, ಹೀಗೆ ಸರದಿ. ಲಿಮಾ ಪೋರ್ಚುಗೀಸರು. ಅವರ ನಂತರ 1937ರಲ್ಲಿ ಬಂದ ಥಾಮಸ್ ರಾಬರ್ಟ್ಸ್ ಇಂಗ್ಲಿಷರು. ಆ ಲೆಕ್ಕದಲ್ಲಿ ಮುಂದಿನ ಸರದಿ ಮತ್ತೆ ಪೋರ್ಚುಗೀಸರದ್ದು, ಭಾರತೀಯನಿಗೆ ಜಾಗವೇ ಇಲ್ಲ. ರಾಬರ್ಟ್ಸ್ ಏನು ಮಾಡಿದರು? ಗ್ರೇಶಿಯಸ್‌ರನ್ನು ಸಹಾಯಕ ಬಿಷಪ್ ಮಾಡಿಸಿಕೊಂಡು 1946ರ ಜೂನ್ 29ರಂದು ತಾವೇ ದೀಕ್ಷೆ ಕೊಟ್ಟರು. ಆಮೇಲೆ ಊರು ಬಿಟ್ಟು ಹೋದರು. ಹೆಸರಿಗೆ ಆರ್ಚ್‌ಬಿಷಪ್ ರಾಬರ್ಟ್ಸ್, ಆಡಳಿತ ಗ್ರೇಶಿಯಸ್‌ರದ್ದು. 1950ರವರೆಗೆ ಹೀಗೇ ನಡೆಯಿತು. ಆ ವರ್ಷ ಪೋರ್ಚುಗಲ್ ಸರದಿಯ ಹಕ್ಕು ಬಿಟ್ಟುಕೊಟ್ಟಿತು. ರಾಬರ್ಟ್ಸ್ ರಾಜೀನಾಮೆಗೆ ಅಂಗೀಕಾರ ಸಿಕ್ಕಿತು. ಡಿಸೆಂಬರ್ 4ಕ್ಕೆ ಗ್ರೇಶಿಯಸ್ ಮುಂಬೈಯ ಮೊದಲ ಭಾರತೀಯ ಆರ್ಚ್‌ಬಿಷಪ್. ಎದ್ದವರು ಏಳದಿದ್ದರೆ ಕೂರುವವರು ನಿಂತೇ ಇರಬೇಕಿತ್ತು. ನನ್ನ ಮಟ್ಟಿಗೆ ಗ್ರೇಶಿಯಸ್ ಕಥೆಯ ಅತಿ ದೊಡ್ಡ ಸಂಗತಿ ಇದೇ, ಕೆಂಪು ಟೊಪ್ಪಿಯಲ್ಲ.

ಟೊಪ್ಪಿ ಬಂದದ್ದು 1953ರ ಜನವರಿ 12ರ ಪಟ್ಟಿಯಲ್ಲಿ. ಹನ್ನೆರಡನೇ ಪಯಸ್ 24 ಮಂದಿಯನ್ನು ಕಾರ್ಡಿನಲ್ ಮಾಡಿ ಒಟ್ಟು ಸಂಖ್ಯೆಯನ್ನು 70ಕ್ಕೆ ತುಂಬಿಸಿದರು. 1586ರಿಂದ ಇದ್ದ ಮಿತಿ ಅದು. ಆ 24ರಲ್ಲಿ ರೊಂಕಾಲಿ ಎಂಬವರೂ ಇದ್ದರು, ಐದು ವರ್ಷ ಕಳೆದು ಇಪ್ಪತ್ತಮೂರನೇ ಜಾನ್ ಪೋಪ್ ಆದವರು. ಕಾರ್ಡಿನಲ್ ಆದವನಿಗೆ ರೋಮಿನಲ್ಲಿ ಒಂದು ಇಗರ್ಜಿ ಹೆಸರಿಗೆ ಬರುತ್ತದೆ, ಯಾಕೆಂದರೆ ಪೋಪನನ್ನು ಆರಿಸುವ ಹಕ್ಕು ಮೂಲತಃ ರೋಮ್ ನಗರದ ಪಾದ್ರಿಗಳದ್ದು. ಗ್ರೇಶಿಯಸ್‌ರಿಗೆ ಬಂದದ್ದು ಸಾಂತಾ ಮರಿಯಾ ಇನ್ ವಿಯಾ ಲಾತಾ. ಅಗಲ ಅಂಚಿನ ಕೆಂಪು ಟೊಪ್ಪಿಯ ಎರಡೂ ಬದಿ ಹದಿನೈದು ಹದಿನೈದು ಗೊಂಡೆ. ಅದು ದಿನಬಳಕೆಯದ್ದಲ್ಲ, ಕೊಡುವ ದಿನ ತಲೆಗೆ ಮುಟ್ಟಿಸಿದರೆ ಮುಗಿಯಿತು. 1969ರಲ್ಲಿ ಅದನ್ನು ಕೊಡುವ ಪದ್ಧತಿಯೇ ನಿಂತಿತು. ಗ್ರೇಶಿಯಸ್‌ರದ್ದು ಕೊಲಾಬಾದ ಹೋಲಿ ನೇಮ್ ಕೆಥೆಡ್ರಲಿನಲ್ಲಿದೆ.

ಇಷ್ಟು ಕಲಿತ ಹುಡುಗರು ಸುಮ್ಮನಿದ್ದಾರೆಯೇ? 1978ರ ಆಗಸ್ಟ್ 26ರಂದು ಹೊಸ ಪೋಪ್ ಬಂದ ಸುದ್ದಿ ರೇಡಿಯೋದಲ್ಲಿ ಕೇಳಿದ ಮೇಲೆ ಬೋರ್ಡಿಂಗಿನ 24 ಮಂದಿ ಬಚ್ಚಲಮನೆಯಲ್ಲಿ ಕಾರ್ಡಿನಲ್‌ಗಳ ಹಾಗೆ ಬಾಗಿಲು ಹಾಕಿಕೊಂಡು ಪೋಪ್ ಚುನಾವಣೆಗೆ ಕೂತರು. ಮೂರನೇ ಎರಡು ಭಾಗ 16, ಅದಕ್ಕೆ ಒಂದು ಕೂಡಿಸಿ ಗೆಲ್ಲಲು 17 ಓಟು. ಚೀಟಿ ಬಿಚ್ಚಿದರೆ 19 ಮಂದಿ ತಮ್ಮ ತಮ್ಮ ಹೆಸರೇ ಬರೆದಿದ್ದರು. (ನನ್ನ ಚೀಟಿಯಲ್ಲಿ ನನ್ನ ಹೆಸರಿರಲಿಲ್ಲ, ಇದು ಇಲ್ಲಿ ದಾಖಲಾಗಲಿ.) ತೀರ್ಮಾನವಾಗದಿದ್ದರೆ ಕಪ್ಪು ಹೊಗೆ ಬಿಡಬೇಕು, ಪೋಪ್ ಆದರೆ ಬಿಳಿ. ಹಂಡೆಯ ಒಲೆಗೆ ಚೀಟಿಗಳ ಜೊತೆ ಒದ್ದೆ ಬೈಹುಲ್ಲು ತುರುಕಿದರು. ಚಿಮಣಿಯಿಂದ ಹೊರಟದ್ದು ಬೆಳ್ಳಗಿನ ದಟ್ಟ ಹೊಗೆ. ಹೊರಗೆ ಕಾದಿದ್ದ ಕೆಳತರಗತಿಯ ಮಕ್ಕಳು ‘ಪೋಪ್ ಆಯ್ತು’ ಅಂತ ಬೊಬ್ಬೆ ಹಾಕಿ ಊಟದ ಗಂಟೆ ಬಾರಿಸಿದರು.

ಓಡಿ ಬಂದದ್ದು ರಸಾಯನಶಾಸ್ತ್ರದ ಮಾಸ್ಟ್ರು. ಬೆತ್ತ ಹಿಡಿದೇ ಬಂದಿದ್ದರು, ಒಲೆ ನೋಡಿ ಬೆತ್ತ ಕಂಕುಳಲ್ಲಿ ಸಿಕ್ಕಿಸಿಕೊಂಡರು. ‘ಒದ್ದೆ ಹುಲ್ಲು ಹಾಕಿದ್ರೆ ನೀರು ಹಬೆಯಾಗಿ ಮೊದಲು ಬಿಳಿಯೇ ಬರ್ತದೆ ಮಾರಾಯ್ರೆ. ಕಪ್ಪು ಅಂದ್ರೆ ಮಸಿ. ಇಂಗಾಲ ಜಾಸ್ತಿ ಇರುವ ವಸ್ತು ಗಾಳಿ ಸಾಲದೆ ಅರೆಬೆಂದರೆ ಮಸಿ.’ ಅಷ್ಟರಲ್ಲಿ ಇಸವಿ ಮಾಸ್ಟ್ರೂ ಬಂದರು. ವ್ಯಾಟಿಕನ್ನಿನಲ್ಲೂ 1958ರಲ್ಲಿ ಇದೇ ಎಡವಟ್ಟು, ಹೊಗೆ ಮೊದಲು ಬೆಳ್ಳಗೆ ಕಂಡು ಜನ ಪೋಪ್ ಆಯಿತೆಂದು ನಂಬಿಬಿಟ್ಟರು, ಆಗ ಒಳಗಿದ್ದವರಲ್ಲಿ ಗ್ರೇಶಿಯಸ್ ಒಬ್ಬರು ಅಂದರು. ಅವರ ನಿಜವಾದ ಸಿಟ್ಟು ಹೊಗೆಯ ಮೇಲಲ್ಲ, ಚೀಟಿ ಸುಟ್ಟ ಕ್ರಮದ ಮೇಲೆ. ಎಣಿಸುವಾಗ ಪ್ರತಿ ಚೀಟಿಯಲ್ಲೂ ‘ಎಲಿಗೊ’, ಅಂದರೆ ‘ಆರಿಸುತ್ತೇನೆ’ ಎಂಬ ಪದದ ಮೇಲೆ ಸೂಜಿ ಚುಚ್ಚಿ ದಾರಕ್ಕೆ ಪೋಣಿಸಬೇಕು, ಎಣಿಕೆ ಮುಗಿದ ಮೇಲೆ ದಾರದ ತುದಿಗಳನ್ನು ಗಂಟು ಹಾಕಿ ಇಡೀ ಮಾಲೆಯನ್ನು ಒಲೆಗೆ ಹಾಕಬೇಕು. ಒಂದು ಚೀಟಿ ಕಳೆದರೂ ಎರಡು ಸಲ ಎಣಿಸಿದರೂ ಗೊತ್ತಾಗಲಿ ಅಂತ. ಮತ್ತೆ ಆ ಹೆಚ್ಚುವರಿ ಒಂದು ಓಟು ಯಾಕೆ? ಗೆದ್ದವನು ತನ್ನ ಓಟು ತನಗೇ ಹಾಕಿಕೊಂಡಿದ್ದರೂ ಉಳಿದವರಲ್ಲಿ ಮೂರನೇ ಎರಡು ಇರಲಿ ಅಂತ. ‘ನಿಮ್ಮಂಥವರು ಇರ್ತಾರೆ ಅಂತ ರೋಮಿಗೆ ಮೊದಲೇ ಗೊತ್ತಿತ್ತು’ ಅಂದರು. ಬೆತ್ತದ ಕೆಲಸ ಆಗಲಿಲ್ಲ.

ಈಗ ವ್ಯಾಟಿಕನ್ನಿನಲ್ಲಿ ಹುಲ್ಲಿಲ್ಲ. 2005ರಿಂದ ಚೀಟಿಗೊಂದು ಒಲೆ, ಹೊಗೆಗೆ ಇನ್ನೊಂದು. ಕಪ್ಪಿಗೆ ಪೊಟ್ಯಾಸಿಯಂ ಪರ್‌ಕ್ಲೋರೇಟ್, ಆಂಥ್ರಸೀನ್, ಗಂಧಕ. ಬಿಳಿಗೆ ಪೊಟ್ಯಾಸಿಯಂ ಕ್ಲೋರೇಟ್, ಲ್ಯಾಕ್ಟೋಸ್, ರಾಳ. ರಸಾಯನದ ಮಾಸ್ಟ್ರು ಇದ್ದಿದ್ದರೆ ಹಿಗ್ಗುತ್ತಿದ್ದರು. ಶಾಲೆಯಲ್ಲೂ ಬಚ್ಚಲ ಒಲೆ ಹೋಗಿ ಸೋಲಾರ್ ಬಂದಿದೆ, ಬೋರ್ಡಿನ ಜಾಗಕ್ಕೆ ಪರದೆ ಬಂದಿದೆ. ಒಳ್ಳೆಯದೇ. ಆದರೆ ಈಚೆಗೆ ಮಕ್ಕಳ ಕ್ವಿಜ್ ಪುಸ್ತಕವೊಂದರಲ್ಲಿ ಕಂಡೆ: ‘ಭಾರತದ ಮೊದಲ ಕಾರ್ಡಿನಲ್ ಯಾರು?’ ಕೆಳಗೆ ನಾಲ್ಕು ಹೆಸರು, ಸರಿಯಾದ್ದಕ್ಕೆ ಗುರುತು ಹಾಕಿದರೆ ಒಂದು ಅಂಕ. ರಾಬರ್ಟ್ಸ್ ಹೆಸರು ಆ ನಾಲ್ಕರಲ್ಲಿ ಬರುವ ಹಾಗೂ ಇಲ್ಲ.

1964ರ ಡಿಸೆಂಬರಿನಲ್ಲಿ ಆರನೇ ಪಾಲ್ ಮುಂಬೈಗೆ ಬಂದದ್ದು, ಭಾರತದಲ್ಲಿ ಕಾಲಿಟ್ಟ ಮೊದಲ ಪೋಪ್, ಆತಿಥೇಯರು ಗ್ರೇಶಿಯಸ್, 1966ರಲ್ಲಿ ಪದ್ಮವಿಭೂಷಣ. ಇವೆರಡನ್ನೂ ಮಾಸ್ಟ್ರು ಒಂದೇ ಉಸಿರಿಗೆ ಮುಗಿಸಿಬಿಡುತ್ತಿದ್ದರು. 1978ರ ಸೆಪ್ಟೆಂಬರ್ 11ರಂದು ಗ್ರೇಶಿಯಸ್ ಮುಂಬೈಯಲ್ಲಿ ತೀರಿಕೊಂಡರು. ಹದಿನೇಳು ದಿನ ಕಳೆದು ಹೊಸ ಪೋಪೂ ತೀರಿಕೊಂಡರು. ಅರ್ಧವಾರ್ಷಿಕ ರಜೆ ಮುಗಿದು ಬಂದಾಗ ಬೋರ್ಡಿನಲ್ಲಿ ಒಂದು ಲೆಕ್ಕ ಕಾದಿತ್ತು. ಆಗಸ್ಟಿನ ಪೋಪ್ ಚುನಾವಣೆಯಲ್ಲಿ ಓಟಿನ ಹಕ್ಕಿದ್ದ ಕಾರ್ಡಿನಲ್‌ಗಳು 114, ಒಳಹೋದವರು 111. ಅಕ್ಟೋಬರಿನಲ್ಲೂ ಒಳಹೋದವರು 111. ಹೇಗೆ?

ಆಗಸ್ಟಿನಲ್ಲಿ ಕಾಯಿಲೆಯಿಂದ ಬಾರದವರು ಮೂವರು: ಗ್ರೇಶಿಯಸ್, ಪೋಲೆಂಡಿನ ಫಿಲಿಪಿಯಾಕ್, ಅಮೆರಿಕದ ರೈಟ್. ಅಕ್ಟೋಬರಿನಲ್ಲಿ ರೈಟ್ ಬಂದರು, ಆಗಸ್ಟಿನಲ್ಲಿ ಒಳಗಿದ್ದ ಲುಚಿಯಾನಿ ಪೋಪ್ ಆಗಿ ತೀರಿಹೋಗಿದ್ದರು, ಗ್ರೇಶಿಯಸ್‌ರೂ ಫಿಲಿಪಿಯಾಕರೂ ಇರಲಿಲ್ಲ. ಬರೀ ‘114 – 3 = 111’ ಅಂತ ಎರಡು ಸಲ ಬರೆದವರಿಗೆಲ್ಲ ಅರ್ಧ ಅಂಕ ಹೋಯಿತು.