ಕಿಯಾಂಟಿಯಲ್ಲಿ ಒಂದು ದಿನ: ಎರಡೇ ತೋಟ, ಒಂದು ನಿಧಾನದ ಊಟ

ಇಟಲಿಯ ಫ್ಲಾರೆನ್ಸ್‌ನಿಂದ ಬೆಳಿಗ್ಗೆ ಹೊರಟು, ಕಿಯಾಂಟಿ ಸೀಮೆಯ ವೈನ್ ತೋಟಗಳನ್ನು ನೋಡಿ, ಸಂಜೆಗೆ ವಾಪಸ್ ಬರುವ ಪ್ರವಾಸಗಳು ಹತ್ತಾರು ಇವೆ. ಯಾವುದನ್ನು ಹಿಡಿಯೋದು ಅಂತ ಎರಡು ವಾರ ತಲೆ ಕೆಡಿಸಿಕೊಂಡಿದ್ದೆ. ಹೋಗಿ ಬಂದ ಮೇಲೆ ಗೊತ್ತಾಗಿದ್ದನ್ನು ಮೊದಲೇ ಹೇಳಿಬಿಡುತ್ತೇನೆ. ಜಾಸ್ತಿ ಜಾಗ ತೋರಿಸುವ ಪ್ರವಾಸ ಬೇಡ. ಎರಡೇ ತೋಟ ಇರಲಿ, ಕೂತು ಊಟ ಮಾಡೋಕೆ ಎರಡು ಗಂಟೆ ಇರಲಿ, ಬಳ್ಳಿಗಳ ಸಾಲಿನೊಳಗೆ ಕರೆದುಕೊಂಡು ಹೋಗಿ ನಡೆಸಲಿ. ಇಷ್ಟು ಇದ್ದರೆ ಕಣ್ಣು ಮುಚ್ಚಿ ಬುಕ್ ಮಾಡಿ.

ನಾವು ಮೂರು ಜನ ಹೋಗಿದ್ದೆವು. ನಾನು, ನನ್ನ ಗಂಡ, ನನ್ನ ಅಪ್ಪ. ಅಪ್ಪನದು ಚಿಕ್ಕಬಳ್ಳಾಪುರದ ಕಡೆ ದ್ರಾಕ್ಷಿ ತೋಟ. ನಲವತ್ತು ವರ್ಷದಿಂದ ಬೆಂಗಳೂರು ನೀಲಿ ಬೆಳೆಯುತ್ತಿದ್ದಾರೆ. ಕುಡಿಯುವುದಿಲ್ಲ, ಮಾಂಸ ಮುಟ್ಟುವುದಿಲ್ಲ. "ಕುಡಿಯೋಕಲ್ಲ ಕಣಮ್ಮಾ, ಅವ್ರು ಹೆಂಗೆ ಬೆಳೀತಾರೆ ನೋಡ್ಬೇಕು" ಅಂತ ಹೊರಟವರು ಅವರು. ಹಾಗಾಗಿ ಕುಡಿಯದವರಿಗೆ, ಸಸ್ಯಾಹಾರಿಗಳಿಗೆ ಈ ಪ್ರವಾಸ ಆಗಿಬರುತ್ತಾ ಅನ್ನೋದು ನಮಗೆ ದೊಡ್ಡ ಪ್ರಶ್ನೆಯಾಗಿತ್ತು. ಆಗಿಬರುತ್ತದೆ. ಆದರೆ ಸ್ವಲ್ಪ ತಯಾರಿ ಬೇಕು.

ಕಿಯಾಂಟಿ ಅಂದರೆ ಫ್ಲಾರೆನ್ಸ್ ಮತ್ತು ಸಿಯೆನಾ ನಡುವಿನ ಗುಡ್ಡಗಾಡು. ಎರಡೂ ಊರನ್ನು ಸೇರಿಸುವ 222ನೇ ನಂಬರಿನ ರಸ್ತೆಗೆ ಅಲ್ಲಿಯವರು ಕಿಯಾಂಟಿಜಾನಾ ಅನ್ನುತ್ತಾರೆ. ನೋಡೋಕೆ ಬಹಳ ಚೆಂದ, ಆದರೆ ತಿರುವು ಜಾಸ್ತಿ. ವಾಕರಿಕೆ ಬರುವವರು ಮುಂದಿನ ಸೀಟು ಕೇಳಿ ಪಡೆಯಿರಿ. ನಾನು ಕೈಯಲ್ಲಿ ನಿಂಬೆಹಣ್ಣು ಹಿಡಿದು ಕೂತೆ, ಬೆಳಿಗ್ಗೆ ಹೊಟ್ಟೆಗೆ ಎರಡು ತುಂಡು ಬ್ರೆಡ್ ಬಿಟ್ಟು ಏನೂ ಹಾಕಲಿಲ್ಲ. ಅದರಿಂದ ಅನುಕೂಲವೇ ಆಯಿತು.

ಕಾರು ಬಾಡಿಗೆಗೆ ತಗೊಂಡು ನಾವೇ ಹೋಗಬಹುದಿತ್ತು. ಬೇಡ ಅಂದುಕೊಂಡೆವು. ಇಟಲಿಯಲ್ಲಿ ಒಂದು ಲೀಟರ್ ರಕ್ತಕ್ಕೆ ಅರ್ಧ ಗ್ರಾಂಗಿಂತ ಜಾಸ್ತಿ ಆಲ್ಕೋಹಾಲ್ ಇದ್ದರೆ ಗಾಡಿ ಓಡಿಸುವ ಹಾಗಿಲ್ಲ. ವೈನ್ ರುಚಿ ನೋಡುವ ದಿನ ಸ್ಟೀರಿಂಗ್ ಹಿಡಿಯುವವರು ಬಾಯಿ ಕಟ್ಟಿ ಕೂರಬೇಕಾಗುತ್ತದೆ. ಜೊತೆಗೆ ಫ್ಲಾರೆನ್ಸ್‌ನ ಹಳೇ ಊರಿನೊಳಗೆ ಹೊರಗಿನ ಗಾಡಿಗಳಿಗೆ ಪ್ರವೇಶವಿಲ್ಲ. ಗೊತ್ತಿಲ್ಲದೆ ನುಗ್ಗಿದರೆ ಕ್ಯಾಮೆರಾ ಹಿಡಿಯುತ್ತದೆ, ದಂಡದ ಚೀಟಿ ತಿಂಗಳುಗಳ ನಂತರ ಮನೆಗೆ ಬರುತ್ತದೆ. ಬಸ್ಸೂ ಇದೆ. ಗ್ರೇವೆ ಅನ್ನೋ ಊರಿಗೆ ಸುಮಾರು ಒಂದು ಗಂಟೆಯ ದಾರಿ. ಆದರೆ ತೋಟಗಳು ಬಸ್ ನಿಲ್ದಾಣದ ಪಕ್ಕದಲ್ಲಿ ಇರೋದಿಲ್ಲ, ಭಾನುವಾರ ಬಸ್ಸೂ ಕಡಿಮೆ. ಗ್ರೇವೆ ಊರು ಒಂದೇ ಸಾಕು ಅನ್ನುವವರಿಗೆ ಬಸ್ ಅಡ್ಡಿಯಿಲ್ಲ.

ದೊಡ್ಡ ಬಸ್ಸಿನ ಪ್ರವಾಸ ಅಗ್ಗಕ್ಕೆ ಸಿಗುತ್ತದೆ. ನಾವು ಹಿಡಿದದ್ದು ಎಂಟು ಜನ ಕೂರುವ ವ್ಯಾನು, ತಲೆಗೆ 140 ಯೂರೋ, ಊಟ ಸೇರಿ. ದುಡ್ಡು ಜಾಸ್ತಿಯೇ. ಆದರೆ ದೊಡ್ಡ ಬಸ್ಸು ಹತ್ತಲಾರದ ಮಣ್ಣಿನ ದಾರಿಗಳಲ್ಲಿ ಚಿಕ್ಕ ವ್ಯಾನು ಸಲೀಸಾಗಿ ಹೋಗುತ್ತದೆ. ನಾವು ಹೋದ ಎರಡನೇ ತೋಟ ಅಂಥ ದಾರಿಯ ಕೊನೆಯಲ್ಲೇ ಇತ್ತು. ಎಂಟು ಜನಕ್ಕಾದರೆ ತೋಟದ ಯಜಮಾನರು ತಾವೇ ಬಂದು ಮಾತಾಡುತ್ತಾರೆ. ಐವತ್ತು ಜನಕ್ಕೆ ಒಂದು ಹಾಲ್ ಬಾಗಿಲು ತೆಗೆಯುತ್ತಾರೆ, ಅಷ್ಟೇ. ಬುಕ್ ಮಾಡುವಾಗ ಇನ್ನೊಂದು ವಿಷಯ ನೋಡಿ: ಎಷ್ಟೋ ಸಲ ವ್ಯಾನು ಹೋಟೆಲ್ ಬಾಗಿಲಿಗೆ ಬರೋದಿಲ್ಲ. ನಮ್ಮನ್ನು ಸಾಂತಾ ಮರಿಯಾ ನೊವೆಲ್ಲಾ ರೈಲು ನಿಲ್ದಾಣದ ಹತ್ತಿರ ಎಂಟೂಮುಕ್ಕಾಲಿಗೆ ಬರಲು ಹೇಳಿದ್ದರು. ಅಪ್ಪನ ಮಂಡಿ ನೋವಿಗೆ ಕಲ್ಲುಹಾಸಿನ ಬೀದಿ ಕಷ್ಟ. ಅದಕ್ಕೇ ರೂಮನ್ನು ನಿಲ್ದಾಣದ ಪಕ್ಕದಲ್ಲೇ ಮಾಡಿದ್ದು ಒಳ್ಳೇದಾಯಿತು.

ಮೊದಲು ನಿಲ್ಲಿಸಿದ್ದು ಗ್ರೇವೆಯಲ್ಲಿ. ತ್ರಿಕೋನದ ಆಕಾರದ ಚೌಕ, ಸುತ್ತ ಕಮಾನುಗಳ ಸಾಲು, ನಡುವೆ ಜೊವಾನ್ನಿ ದ ವೆರ್ರಾಜ್ಜಾನೊ ಪ್ರತಿಮೆ. 1524ರಲ್ಲಿ ನ್ಯೂಯಾರ್ಕ್ ಕೊಲ್ಲಿಗೆ ಹಡಗು ತಂದ ನಾವಿಕ ಈತ. ಶನಿವಾರ ಬೆಳಿಗ್ಗೆ ಇಲ್ಲಿ ಸಂತೆ ಇರುತ್ತದೆ, ಆಗುವಂತಿದ್ದರೆ ಶನಿವಾರವೇ ಹೋಗಿ. ಅರ್ಧ ಗಂಟೆಯಲ್ಲಿ ಕಾಫಿ ಕುಡಿದು ಹೊರಟೆವು.

ನಾವು ಹೋಗಿದ್ದು ಸೆಪ್ಟೆಂಬರ್ ನಡುವೆ, ಕೊಯ್ಲಿಗೆ ಕೆಲವೇ ದಿನ ಇತ್ತು. ಗೊಂಚಲುಗಳು ಕಪ್ಪಾಗಿ ತುಂಬಿ ನಿಂತಿದ್ದವು. ಈ ಸಮಯ ನೋಡೋಕೆ ಬಹಳ ಚೆಂದ, ಆದರೆ ತೋಟದವರಿಗೆ ಉಸಿರಾಡೋಕೂ ಪುರುಸೊತ್ತು ಇರೋದಿಲ್ಲ. ಮಾತಾಡಿಸಿ ನಿಧಾನವಾಗಿ ಕಲಿಯಬೇಕು ಅನ್ನುವವರಿಗೆ ಮೇ ತಿಂಗಳು ಉತ್ತಮ. ಆಗಸ್ಟ್ ಮಾತ್ರ ಬೇಡ. ಬಿಸಿಲು ಒಂದು ಕಡೆ, 15ನೇ ತಾರೀಕಿನ ಹಬ್ಬದ ಆಸುಪಾಸು ಅರ್ಧ ಇಟಲಿಯೇ ರಜೆ ಹಾಕಿರುತ್ತದೆ.

ಮೊದಲ ತೋಟದಲ್ಲಿ ಅಪ್ಪ ಬಳ್ಳಿ ನೋಡಿ ನಿಂತುಬಿಟ್ಟರು. ನಮ್ಮಲ್ಲಿ ದ್ರಾಕ್ಷಿ ಅಂದರೆ ಚಪ್ಪರ. ಕಲ್ಲುಕಂಬ, ತಲೆ ಮೇಲೆ ತಂತಿ, ಕೆಳಗೆ ನೆರಳು. ಅಲ್ಲಿ ಸೊಂಟದೆತ್ತರದಲ್ಲಿ ತಂತಿ ಎಳೆದು ಬಳ್ಳಿಯನ್ನು ಬೇಲಿಯ ಹಾಗೆ ನಿಲ್ಲಿಸಿದ್ದಾರೆ. ಒಂದು ಬಳ್ಳಿಗೆ ಆರೇಳು ಗೊಂಚಲು. ಡ್ರಿಪ್ ಪೈಪ್ ಎಲ್ಲಿ ಅಂತ ಅಪ್ಪ ಬುಡದಲ್ಲಿ ಹುಡುಕಿದರು. ಇರಲಿಲ್ಲ. ವೈನಿಗೆ ಕಿಯಾಂಟಿ ಕ್ಲಾಸಿಕೊ ಅಂತ ಹೆಸರು ಹಾಕಿಕೊಳ್ಳಬೇಕಾದರೆ ಬಳ್ಳಿ ಸಾಯುವಂಥ ಬರದಲ್ಲಿ ಬಿಟ್ಟು ನೀರು ಕೊಡುವ ಹಾಗಿಲ್ಲ ಅಂತ ಗೈಡ್ ವಿವರಿಸಿದಳು. ಹೆಕ್ಟೇರಿಗೆ ಏಳೂವರೆ ಟನ್‌ಗಿಂತ ಜಾಸ್ತಿ ಬೆಳೆಯುವ ಹಾಗೂ ಇಲ್ಲ. ಅಂದರೆ ಎಕರೆಗೆ ಮೂರು ಟನ್. "ನೀರಿಲ್ದೆ ಹೆಂಗಮ್ಮಾ ಬದುಕ್ತಾರೆ ಇವ್ರು?" ಅಂತ ಅಪ್ಪ ನನ್ನ ಕೈ ಹಿಡಿದು ಕೇಳಿದರು. ಸಾವಿರ ಅಡಿ ಬೋರ್ ಕೊರೆಸಿ ನೀರು ಕಾಣದೆ ವಾಪಸ್ ಬಂದವರು ಅವರು. ಅವರ ಪ್ರಶ್ನೆ ಸುಮ್ನೆ ಕೇಳಿದ್ದಲ್ಲ. ಕಡಿಮೆ ಹಣ್ಣು, ಗಟ್ಟಿ ರುಚಿ, ಬಾಟಲಿಗೆ ಒಳ್ಳೇ ಬೆಲೆ. ಅಲ್ಲಿನ ಬೆಳೆಗಾರರ ಲೆಕ್ಕ ಹೀಗೆ ನಿಲ್ಲುತ್ತದೆ.

ಎಲೆಗಳ ಮೇಲೆ ತೆಳು ನೀಲಿ ಕಲೆ ಇತ್ತು. ಅಪ್ಪ ಬೆರಳಲ್ಲಿ ಉಜ್ಜಿ ನೋಡಿ, "ಮೈಲುತುತ್ತ, ಸುಣ್ಣ" ಅಂದರು. ಬಳ್ಳಿಯ ರೋಗಕ್ಕೆ ಹೊಡೆಯುವ ಬೋರ್ಡೋ ದ್ರಾವಣ! ನಾನು ಆ ಹೆಸರು ಹೇಳಿದ ಕೂಡಲೇ ತೋಟದ ಯಜಮಾನರು ಬಂದು ಅಪ್ಪನ ಬೆನ್ನು ತಟ್ಟಿದರು. ಆಮೇಲೆ ಇಬ್ಬರಿಗೂ ಭಾಷೆ ಬೇಕಾಗಲಿಲ್ಲ. ಸಾಲಿನ ತುದಿಗೆ ನೆಟ್ಟ ಗುಲಾಬಿ ಗಿಡ ತೋರಿಸಿದರು, ಬೂದಿ ರೋಗ ಬಂದರೆ ಮೊದಲು ಅದರಲ್ಲಿ ಕಾಣುತ್ತದೆ ಅಂತ ಹಿಂದಿನವರು ನೆಡುತ್ತಿದ್ದರಂತೆ. ಕಾಡುಹಂದಿ ತಡೆಯೋಕೆ ಹಾಕಿದ ಕರೆಂಟ್ ಬೇಲಿ ತೋರಿಸಿದರು. ಮಣ್ಣು ಎತ್ತಿ ಕೈಗೆ ಕೊಟ್ಟರು. ಗಲೆಸ್ತ್ರೊ ಅನ್ನುತ್ತಾರೆ, ಪದರ ಪದರವಾಗಿ ಪುಡಿಯಾಗುವ ಕಲ್ಲುಮಣ್ಣು.

ಆಲಿವ್ ಮರಗಳದು ಇನ್ನೊಂದು ಕಥೆ. ನೂರಾರು ವರ್ಷ ಬಾಳುವ ಮರ ಅಂತ ಕೇಳಿದ್ದೆ, ಕಣ್ಣಿಗೆ ಬಿದ್ದದ್ದು ತೆಳ್ಳಗಿನ ಕಾಂಡಗಳು. ಒಂದೊಂದು ಬುಡದಿಂದ ಮೂರು ನಾಲ್ಕು ಕಾಂಡ ಬಟ್ಟಲಿನ ಹಾಗೆ ಸುತ್ತ ಎದ್ದಿವೆ, ನಡುವೆ ಖಾಲಿ. ಯಾಕೆ ಹೀಗೆ ಅಂತ ಕೇಳಿದೆ. 1985ರ ಜನವರಿಯಲ್ಲಿ ಭಯಂಕರ ಹಿಮ ಬಿದ್ದು, ಕಿಯಾಂಟಿ ಸೇರಿರುವ ತೊಸ್ಕಾನಾ (ಟಸ್ಕನಿ) ಪ್ರಾಂತದ ಬಹುಪಾಲು ಆಲಿವ್ ಮರಗಳು ಒಣಗಿಹೋದವಂತೆ. ನೆಲಮಟ್ಟಕ್ಕೆ ಕಡಿದು ಕಾದರು. ಬೇರು ಬದುಕಿತ್ತು, ಪಕ್ಕದಿಂದ ಚಿಗುರು ಬಂತು. ಆ ಚಿಗುರುಗಳೇ ಈಗಿನ ಕಾಂಡಗಳು. ನಡುವಿನ ಖಾಲಿ ಜಾಗದಲ್ಲಿ ಹಳೇ ಮರ ಇತ್ತು. ನೀವು ಹೋದಾಗ ವ್ಯಾನಿನ ಕಿಟಕಿಯಿಂದಲೂ ಇದನ್ನು ನೋಡಬಹುದು, ದಾರಿಯುದ್ದಕ್ಕೂ ಇವೆ.

ಇನ್ನು ರುಚಿ ನೋಡುವ ವಿಷಯ. ಒಂದೊಂದು ತೋಟದಲ್ಲಿ ನಾಲ್ಕು ಬಗೆ ಕೊಟ್ಟರು, ಒಂದೊಂದೂ ನಾಲ್ಕೈದು ಗುಟುಕಿನಷ್ಟು. ಬಾಟಲಿ ಕುತ್ತಿಗೆಯ ಮೇಲೆ ಕಪ್ಪು ಹುಂಜದ ಚಿತ್ರ ಇದ್ದರೆ ಅದು ಕಿಯಾಂಟಿ ಕ್ಲಾಸಿಕೊ. 1716ರಲ್ಲಿ ತೊಸ್ಕಾನಾ ಆಳುತ್ತಿದ್ದ ಮೆದಿಚಿ ಮನೆತನದ ಮೂರನೇ ಕೋಸಿಮೊ ಗಡಿ ಹಾಕಿಕೊಟ್ಟ ಹಳೇ ಸೀಮೆಯಿಂದ ಬೆಳೆದು ಬಂದ ಹೆಸರು ಇದು. ಬರೀ ಕಿಯಾಂಟಿ ಅಂತಿದ್ದರೆ ಸುತ್ತಲಿನ ಬೇರೆ ಸೀಮೆಗಳದು. ಕ್ಲಾಸಿಕೊದಲ್ಲಿ ನೂರಕ್ಕೆ ಎಂಬತ್ತು ಪಾಲಾದರೂ ಸಾಂಜೊವೇಸೆ ಅನ್ನೋ ದ್ರಾಕ್ಷಿ ಇರಲೇಬೇಕು. ಸಾಮಾನ್ಯದ್ದು 12 ತಿಂಗಳು, ರಿಸೆರ್ವಾ 24 ತಿಂಗಳು, ಗ್ರಾನ್ ಸೆಲೆಟ್ಸಿಯೋನೆ 30 ತಿಂಗಳು ಮಾಗಿಸಿದ್ದು. ಬೆಲೆಯೂ ಅದೇ ಕ್ರಮದಲ್ಲಿ ಏರುತ್ತದೆ. ಊಟದ ಜೊತೆಗೆ ನನಗೆ ಹಿಡಿಸಿದ್ದು ಮೊದಲನೆಯದೇ. ಒಗರು, ಹುಳಿ ಎರಡೂ ಮುಂದೆ ಬರುತ್ತವೆ, ಎಣ್ಣೆ ಹಾಕಿದ ಬ್ರೆಡ್ ಜೊತೆ ಸರಿಯಾಗಿ ಸೇರುತ್ತವೆ.

ಕೊಟ್ಟದ್ದನ್ನೆಲ್ಲ ಕುಡಿಯಬೇಕಿಲ್ಲ. ಮೇಜಿನ ಮೇಲೆ ಒಂದು ಪಾತ್ರೆ ಇಟ್ಟಿರುತ್ತಾರೆ. ಬಾಯಲ್ಲಿ ಆಡಿಸಿ ಅದರಲ್ಲಿ ಉಗುಳಬಹುದು, ಲೋಟದಲ್ಲಿ ಉಳಿದದ್ದನ್ನು ಸುರಿಯಬಹುದು. ಮೇಜಿನ ಎದುರು ಉಗುಳೋದು ನಮಗೆ ಮುಜುಗರ, ಅಲ್ವಾ? ಅಲ್ಲಿ ಅದು ಮರ್ಯಾದೆಗೆಟ್ಟ ಕೆಲಸವಲ್ಲ. ನನ್ನ ಗಂಡ ಮೊದಲ ತೋಟದಲ್ಲಿ ನಾಲ್ಕೂ ಲೋಟ ಮುಗಿಸಿದರು. ಎರಡನೇ ತೋಟದ ನೆಲಮಾಳಿಗೆಯಲ್ಲಿ ಏನು ಹೇಳಿದರು ಅನ್ನೋದು ಅವರಿಗೆ ಈಗ ಅರ್ಧ ನೆನಪಿಲ್ಲ. ಪೀಪಾಯಿಗಳ ಆ ನೆಲಮಾಳಿಗೆ ತಂಪಾಗಿರುತ್ತದೆ, ಒಂದು ಶಾಲು ಇಟ್ಟುಕೊಳ್ಳಿ. ಸೆಂಟ್ ಹಚ್ಚಿಕೊಳ್ಳಬೇಡಿ, ಎಲ್ಲರಿಗೂ ವೈನಿನ ವಾಸನೆ ಕೆಡುತ್ತದೆ. ಕುಡಿಯದವರಿಗೆ ದ್ರಾಕ್ಷಿ ರಸ ಸಿಗುತ್ತಾ, ದರ ಕಡಿಮೆ ಮಾಡುತ್ತಾರಾ ಅಂತ ಮೊದಲೇ ಕೇಳಿ. ಅಪ್ಪನಿಗೆ 25 ಯೂರೋ ಕಡಿಮೆ ಮಾಡಿದ್ದರು. ಕೇಳದಿದ್ದರೆ ಮಾಡುತ್ತಿರಲಿಲ್ಲ.

ಊಟದಲ್ಲಿ ನಮಗೊಂದು ತೊಂದರೆ ಆಯಿತು. ಸಸ್ಯಾಹಾರಿಗಳು ಅಂತ ಬುಕ್ ಮಾಡುವಾಗಲೇ ಬರೆದಿದ್ದೆ. ಪ್ರವಾಸದ ಕಂಪನಿಯವರು ಅಡುಗೆಮನೆಗೆ ಹೇಳಿರಲಿಲ್ಲ. ಮೇಜಿಗೆ ಮೊದಲು ಬಂದದ್ದು ಹಂದಿಮಾಂಸದ ತಟ್ಟೆ. ಅಪ್ಪ ಮುಖ ತಿರುಗಿಸಿ ಕೂತರು, ನನಗೆ ಕರುಳು ಚುರ್ ಅಂದಿತು. ಇದನ್ನು ತಪ್ಪಿಸೋಕೆ ಹಿಂದಿನ ದಿನ ನೀವೇ ಫೋನ್ ಮಾಡಿ ಖಚಿತ ಮಾಡಿಕೊಳ್ಳಿ, ವ್ಯಾನ್ ಹತ್ತಿದ ಕೂಡಲೇ ಗೈಡ್‌ಗೆ ಇನ್ನೊಮ್ಮೆ ಹೇಳಿ. ಬರೀ "ವೆಜಿಟೇರಿಯನ್" ಅಂದರೆ ಸಾಲದು. ಮಾಂಸ ಬೇಯಿಸಿದ ನೀರಲ್ಲಿ ಮಾಡಿದ ಸೂಪ್ ಅವರ ಲೆಕ್ಕದಲ್ಲಿ ಎಷ್ಟೋ ಸಲ ತರಕಾರಿ ಸೂಪೇ. "ಸೆನ್ತ್ಸಾ ಕಾರ್ನೆ, ಸೆನ್ತ್ಸಾ ಬ್ರೋದೊ ದಿ ಕಾರ್ನೆ" ಅಂತ ಹೇಳಿ: ಮಾಂಸ ಬೇಡ, ಮಾಂಸದ ಕಟ್ಟು ಬೇಡ. ಚೀಸ್ ಬಗ್ಗೆಯೂ ಗೊತ್ತಿರಲಿ. ಕುರಿ ಹಾಲಿನ ಪೆಕೊರಿನೊ, ಪಾರ್ಮಿಜಾನೊ ಇಂಥವಕ್ಕೆ ಸಾಮಾನ್ಯವಾಗಿ ಪ್ರಾಣಿಯ ಹೊಟ್ಟೆಯಿಂದ ತೆಗೆದ ಹೆಪ್ಪು ಹಾಕುತ್ತಾರೆ. ಮೊಟ್ಟೆ ತಿನ್ನದವರು ಪೀಚಿ ಕೇಳಿ. ದಪ್ಪ ಶಾವಿಗೆಯಂಥ ಪಾಸ್ತಾ, ಹಿಟ್ಟು ಮತ್ತು ನೀರಲ್ಲೇ ಮಾಡೋದು ರೂಢಿ. ಪಟ್ಟಿಯಂಥ ಪಾಸ್ತಾ ತಾಲ್ಯಾತೆಲ್ಲೆಯಲ್ಲಿ ಮೊಟ್ಟೆ ಇರುತ್ತದೆ.

ಅಡುಗೆಯ ಹೆಂಗಸು ವಿಷಯ ತಿಳಿದು ಓಡಿಬಂದು ತಟ್ಟೆ ತೆಗೆದಳು. ಹತ್ತು ನಿಮಿಷದಲ್ಲಿ ದಪ್ಪ ಬ್ರೆಡ್ ಹೋಳು ಕೆಂಡದ ಮೇಲೆ ಸುಟ್ಟು ತಂದಳು. ನಮ್ಮೆದುರೇ ಹಸಿ ಬೆಳ್ಳುಳ್ಳಿ ಎಸಳು ಹಿಡಿದು ಆ ಒರಟು ಬ್ರೆಡ್ ಮೇಲೆ ತೇಯ್ದಳು. ಗಂಧದ ಕೊರಡು ತೇಯ್ದ ಹಾಗೆ ಎಸಳು ಕರಗಿಯೇ ಹೋಯಿತು. ಮೇಲೆ ಹಸಿರು ಎಣ್ಣೆ, ಚಿಟಿಕೆ ಉಪ್ಪು. ಎಣ್ಣೆ ಗಂಟಲಲ್ಲಿ ಮೆಣಸಿನ ಹಾಗೆ ಚುರುಕ್ ಅನ್ನಿಸುತ್ತದೆ, ಅದು ಒಳ್ಳೇ ಎಣ್ಣೆಯ ಗುಣ. ತೊಸ್ಕಾನಾದ ಬ್ರೆಡ್‌ಗೆ ಉಪ್ಪೇ ಹಾಕೋದಿಲ್ಲ, ಮೊದಲ ತುತ್ತಿಗೆ ಸಪ್ಪೆ ಅನ್ನಿಸಿದರೆ ಗಾಬರಿ ಬೇಡ. ಆಮೇಲೆ ಬಂದದ್ದು ಪಾನ್ಸಾನೆಲ್ಲಾ. ಒಣಗಿದ ಬ್ರೆಡ್ ನೆನೆಸಿ, ಹಿಂಡಿ, ಪುಡಿ ಮಾಡಿ, ಟೊಮೇಟೊ, ಈರುಳ್ಳಿ, ತುಳಸಿ ಜಾತಿಯ ಎಲೆ, ಎಣ್ಣೆ, ವಿನೆಗರ್ ಹಾಕಿ ಕಲಸಿದ್ದು. ತಂಗಳನ್ನ ಬಿಸಾಡದೆ ಚಿತ್ರಾನ್ನ ಮಾಡುವ ನಮ್ಮ ಮನೆಗಳ ಬುದ್ಧಿಯೇ ಇದು. ಕೊನೆಗೆ ಪೀಚಿ, ಟೊಮೇಟೊ ಗೊಜ್ಜಿನಲ್ಲಿ. ಅಪ್ಪ ಎರಡು ಸಲ ಹಾಕಿಸಿಕೊಂಡರು. ಊಟದ ಕೊನೆಯಲ್ಲಿ ಕೊಡುವ ವಿನ್ ಸಾಂತೊ ಸಿಹಿ ವೈನು. ದ್ರಾಕ್ಷಿಯನ್ನು ಗಾಳಿಗೆ ಒಣಗಿಸಿ ಹಿಂಡಿ, ಪುಟ್ಟ ಪೀಪಾಯಿಗಳಲ್ಲಿ ವರ್ಷಗಟ್ಟಲೆ ಇಟ್ಟದ್ದು. ಬಾದಾಮಿ ಬಿಸ್ಕತ್ತನ್ನು ಅದರಲ್ಲಿ ಅದ್ದಿ ತಿನ್ನುತ್ತಾರೆ. ಅಪ್ಪ ಕಾಫಿಯಲ್ಲಿ ಅದ್ದಿದರು, ಅದೂ ರುಚಿಯಾಗೇ ಇತ್ತು.

ಬಾಟಲಿ ಕೊಳ್ಳುವ ಆಸೆ ಬಂದೇ ಬರುತ್ತದೆ. ಭಾರತಕ್ಕೆ ಸುಂಕವಿಲ್ಲದೆ ತಲೆಗೆ 2 ಲೀಟರ್ ತರಬಹುದು. ಬಾಟಲಿಗೆ 750 ಮಿಲಿ ಲೆಕ್ಕದಲ್ಲಿ ಎರಡಕ್ಕೆ ನಿಲ್ಲಿಸಿ, ಮೂರನೆಯದಕ್ಕೆ ಮಿತಿ ದಾಟುತ್ತದೆ. ಎಲ್ಲವೂ ಚೆಕ್ ಇನ್ ಬ್ಯಾಗಿಗೇ ಹೋಗಬೇಕು. ನಾನು ವೈನ್ ಒಂದೇ ತಂದೆ, ಎಣ್ಣೆ ಎರಡು ತಂದೆ. ಎಣ್ಣೆ ಕೊಳ್ಳುವಾಗ ಕೊಯ್ಲಿನ ವರ್ಷ ನೋಡಿ, ಬಣ್ಣದ ಗಾಜಿನ ಬಾಟಲಿಯನ್ನೇ ಆರಿಸಿ. ಹೊಸ ಎಣ್ಣೆ ಬರೋದು ಅಕ್ಟೋಬರ್ ಕೊನೆ, ನವೆಂಬರ್‌ನಲ್ಲಿ. ಒಗ್ಗರಣೆಗೆ ಅದನ್ನು ಹಾಳು ಮಾಡಬೇಡಿ, ಬಿಸಿ ಅನ್ನಕ್ಕೆ ಚಟ್ನಿಪುಡಿ ಜೊತೆ ಹಸಿಯಾಗಿ ಹಾಕಿಕೊಳ್ಳಿ.

ಕೃಷಿ ಮಾಡುವವರಿಗೆ ಒಂದು ಮಾತು. ಯಜಮಾನರು ಪ್ರೀತಿಯಿಂದ ಬಳ್ಳಿಯ ಕಡ್ಡಿ ಮುರಿದು ಕೊಟ್ಟರೂ ತರಬೇಡಿ. ಅನುಮತಿ ಇಲ್ಲದೆ ಗಿಡದ ಕಡ್ಡಿ, ಮಣ್ಣು ದೇಶದೊಳಗೆ ತರುವ ಹಾಗಿಲ್ಲ. ಅದರ ಜೊತೆ ಬರುವ ರೋಗ ನಮ್ಮ ತೋಟಕ್ಕೇ ತಗಲುತ್ತದೆ. ಅಪ್ಪನಿಗೆ ಆಸೆ ಇತ್ತು, ಅವರೇ ಯೋಚಿಸಿ ಕಡ್ಡಿಯನ್ನು ಬಳ್ಳಿಯ ಬುಡದಲ್ಲಿ ಇಟ್ಟು ಬಂದರು.

ಆರು ಗಂಟೆಗೆ ಫ್ಲಾರೆನ್ಸ್ ತಲುಪಿದೆವು. ಆ ರಾತ್ರಿಗೆ ಹೋಟೆಲ್ ಊಟ ಬುಕ್ ಮಾಡಬೇಡಿ, ಹಸಿವೇ ಆಗೋದಿಲ್ಲ. ನಾವು ನಿಲ್ದಾಣದ ಹತ್ತಿರದ ಅಂಗಡಿಯಲ್ಲಿ ಒಂದಿಷ್ಟು ಪೀಚ್ ಹಣ್ಣು, ಒಂದು ಡಬ್ಬಿ ಮೊಸರು ತಗೊಂಡು ರೂಮಿಗೆ ಹೋದೆವು.